ತೇಪೆ ಹಾಕಿದ ಸಿಸ್ಟಂ

‘ಈ ಕಂಪ್ಯೂಟರಿಗೆ ಈ ಸಿಸ್ಟಂ ಹೊಂದುವುದಿಲ್ಲ’ ಎಂದು ಪರದೆಯೇ ಹೇಳಿತು. ಕೇಳುವವನಾ ನಾನು! ಅಣ್ಣನ ಹಳೆಯ ಕಂಪ್ಯೂಟರಿಗೆ ಅಡ್ಡದಾರಿಯಲ್ಲಿ ಹೊಸ ಸಿಸ್ಟಂ ಹಾಕಿಯೇಬಿಟ್ಟೆ. ಅತ್ತಿಗೆಗೆ ವಿಡಿಯೋದಲ್ಲಿ ಸಂದರ್ಶನವಿತ್ತು, ಹಳೆಯ ಸಿಸ್ಟಂನಲ್ಲಿ ಅದು ತೆರೆಯುತ್ತಿರಲಿಲ್ಲ. ಮಕ್ಕಳಾದ ಮೇಲೆ ಬಿಟ್ಟಿದ್ದ ಲೆಕ್ಕಪತ್ರದ ಕೆಲಸಕ್ಕೆ ಮರಳಲು ಅವರಿಗೆ ಸಿಕ್ಕ ಮೊದಲ ಕರೆ ಅದು.

“ಮೂಗಿಗಿಂತ ಮೂಗುತಿ ಭಾರ ಆಗಲ್ವೇನೋ? ಹೊಸದೇ ತಗೊಳ್ಳೋಣ,” ಎಂದ ಅಣ್ಣ.

“ಸುಮ್ನೆ ದುಡ್ಡು ದಂಡ. ನಾನಿಲ್ವಾ?” ಎಂದೆ.

ಓಡಿತು. ಅಲ್ಲಲ್ಲಿ ತೇಪೆ ಹಾಕಿದ ಮೇಲೆ ಕ್ಯಾಮೆರಾ, ಇಂಟರ್ನೆಟ್, ಧ್ವನಿ ಎಲ್ಲ ಸರಿ. ಅಲ್ಲಿಗೆ ಸುಮ್ಮನಿದ್ದಿದ್ದರೆ ನನ್ನ ಗಂಟೇನು ಹೋಗುತ್ತಿತ್ತು? ಸಂದರ್ಶನದ ದಿನ ಅತ್ತಿಗೆ ಸ್ನಾನಕ್ಕೆ ಹೋಗಿದ್ದಾಗ ‘ಅಪ್‌ಡೇಟ್ ಬಂದಿದೆ’ ಎಂದು ಕಂಡಿತು. ಸಿಸ್ಟಂ ಮಾಡಿದ ಕಂಪನಿಯನ್ನೇ ಯಾಮಾರಿಸಿದೆನಲ್ಲ ಎಂಬ ಜಂಭ ಬೇರೆ. ಒತ್ತಿಬಿಟ್ಟೆ. ಇಂಥ ಯಂತ್ರದಲ್ಲಿ ಅಪ್‌ಡೇಟ್ ಆದರೆ ನಾವು ಹಾಕಿದ ತೇಪೆಯೆಲ್ಲ ಕಿತ್ತುಹೋಗುತ್ತದೆ, ಮತ್ತೆ ಮೊದಲಿಂದ ಹಾಕಬೇಕು. ಅದನ್ನು ಓದಿ ತಿಳಿದಿದ್ದವನೇ ಮರೆತೆ, ದಡ್ಡ ಶಿಖಾಮಣಿ.

ಇಸ್ತ್ರಿ ಮಾಡಿದ ಸೀರೆಯುಟ್ಟು ಅತ್ತಿಗೆ ಬಂದು ಕೂತರು. ಕ್ಯಾಮೆರಾ ಇಲ್ಲ, ಇಂಟರ್ನೆಟ್ಟೂ ಇಲ್ಲ. ತೇಪೆ ಹಾಕಲು ಹೊತ್ತಿರಲಿಲ್ಲ. ನಾನು ಸುಮ್ಮನೆ ವೈರು ಕಿತ್ತು ಕಿತ್ತು ಸಿಕ್ಕಿಸಿದೆ.

“ಏನ್ ಒತ್ತಿದ್ಯೇ? ನಿನ್ ಕೈಗೆ ಸಿಕ್ಕಿದ್ದು ಯಾವ್ದು ಉಳಿದಿದೆ?” ಅಣ್ಣ ಅತ್ತಿಗೆಯ ಮೇಲೆ ರೇಗಿದ.

ಅತ್ತಿಗೆ ನನ್ನ ಕಡೆ ನೋಡಿದರು. ‘ನಾನು ಒತ್ತಿದ್ದು’ ಎನ್ನಲು ಎರಡು ಮಾತು ಸಾಕಿತ್ತು. ಥೂ, ನಾನು ಮತ್ತೊಂದು ವೈರಿಗೆ ಕೈ ಹಾಕಿದೆ. ಅಷ್ಟರಲ್ಲಿ ಅತ್ತಿಗೆಯ ಮೊಬೈಲ್ ರಿಂಗಾಯಿತು, ಸಂದರ್ಶನದವರು. ಅಣ್ಣನೇ ಎತ್ತಿಕೊಂಡ.

“ಕ್ಷಮಿಸಿ ಸರ್. ನಮ್ಮನೆಯವಳಿಗೆ ಕಂಪ್ಯೂಟರ್ ಅಷ್ಟಾಗಿ ಬರಲ್ಲ, ಏನೋ ಒತ್ತಿಬಿಟ್ಟಿದಾಳೆ.”

ಇಡೀ ದಿನ ಕಂಪ್ಯೂಟರಿನಲ್ಲೇ ಲೆಕ್ಕ ಬರೆಯಬೇಕಾದ ಕೆಲಸಕ್ಕೆ ಈ ಶಿಫಾರಸು! ಆ ಕಡೆಯವರು ತುಂಬ ಮರ್ಯಾದೆಯಿಂದ ಏನೋ ಹೇಳಿ ಫೋನ್ ಇಟ್ಟರು. ಅಣ್ಣ ಗೊಣಗುತ್ತಾ ಹೊರಗೆ ಹೋದ.

ಭೂಮಿ ಬಾಯಿಬಿಟ್ಟು ನುಂಗಬಾರದೇ ಎನಿಸಿತು. “ಅತ್ತಿಗೆ, ಅದನ್ನ ಒತ್ತಿದ್ದು ನಾನು,” ಎಂದೆ.

ಅವರು ಕಂಪ್ಯೂಟರ್ ಆರಿಸಿ ಎದ್ದರು.

“ಗೊತ್ತು. ಅಪ್‌ಡೇಟ್ ಮುಗೀತು ಅಂತ ಅಲ್ಲೇ ಬರೆದಿತ್ತು, ನಂಗೆ ಓದೋಕೆ ಬರಲ್ವಾ? ನಿಮ್ಮಣ್ಣ ಫೋನ್ ಎತ್ತೋವರೆಗೂ ನಿನ್ ಮುಖಾನೇ ನೋಡ್ತಾ ಕಾದೆ ಕಣೋ.”