ಹ್ಯಾಟಿನ ಸನ್ನೆ

"ನಿಧಾನ, ಬಾಗಿಲಿಗೆ ತಾಗೀತು!" ಎಂದು ಫೆಲಿಸಾ ಕೂಗಿದಳು.

ಆರು ಜನ ಹೊತ್ತಿದ್ದ ಅವಳ ಗಂಡನ ಶವಪೆಟ್ಟಿಗೆ ಮರಿಕಿನಾ ಪಟ್ಟಣದ ಆ ಇಕ್ಕಟ್ಟಾದ ಮನೆಯ ಹೊಸ್ತಿಲಲ್ಲಿ ಓರೆಯಾಯಿತು. ಗಾಜಿನ ಮುಚ್ಚಳದ ಮೇಲಿಟ್ಟಿದ್ದ ಕಂದು ತೊಗಲಿನ ಹ್ಯಾಟು ಜಾರಿತು. ಹಿಂದೆಯೇ ಬರುತ್ತಿದ್ದ ಸಾಂತಿಂಗ್ ಎಡಗೈ ಚಾಚಿ ಅದನ್ನು ಹಿಡಿದ.

"ಎಡಚನ ಕೈಗೇ ಸಿಕ್ತು ನೋಡು," ಎಂದ ಟೆರೊಯ್, ಊರುಗೋಲಿಗೆ ಒರಗಿ. ಒಂದು ಕಾಲದಲ್ಲಿ ಅವನು ಸಿನಿಮಾಗಳ ಸಾಹಸ ಕಲಾವಿದ. ಬಲಗಾಲು ಮೊಣಕಾಲಿನ ಕೆಳಗೆ ಇರಲಿಲ್ಲ. "ನನ್ನನ್ನ ಇಪ್ಪತ್ತು ಸಲ ಸಾಯಿಸಿದ ಮನುಷ್ಯ. ತಾನು ಒಂದೇ ಸಲ ಸತ್ತ. ನ್ಯಾಯವೇ ಇದು?"

ಹೊತ್ತವರು ನಕ್ಕರು. ಅವರಲ್ಲಿ ನಾಲ್ವರು ಸತ್ತ ನಿರ್ದೇಶಕರ ಸಿನಿಮಾಗಳಲ್ಲಿ ಹೊಡೆತ ತಿಂದವರೇ.

"ಹ್ಯಾಟು ನೀನೇ ಹಾಕ್ಕೊಳೋ, ಸಾಂತಿಂಗ್," ಎಂದಳು ಫೆಲಿಸಾ. "ಏಪ್ರಿಲ್ ಬಿಸಿಲು. ಸ್ಮಶಾನದವರೆಗೂ ನಡೀಬೇಕು. ಎಪ್ಪತ್ತೊಂದಾಯ್ತು ನಿಂಗೆ, ಬಿದ್ದುಗಿದ್ದೀಯ."

"ಬೇಡ ಅಕ್ಕಾ."

"ಅವರಿದ್ದಿದ್ರೆ ಅವರೇ ಹಾಕಿರೋರು." ಅವಳು ಹ್ಯಾಟು ಕಸಿದು ಅವನ ತಲೆಗೆ ಒತ್ತಿದಳು. ಮೂವತ್ತೊಂಬತ್ತು ವರ್ಷಗಳಿಂದ ಸಾಂತಿಂಗ್ ಯಾವ ಹ್ಯಾಟನ್ನೂ ತಲೆಗೇರಿಸಿರಲಿಲ್ಲ.

*

1984ರಲ್ಲಿ ನಿರ್ದೇಶಕ ಪೊಲಿಕಾರ್ಪೊ ಅಂದಾಯಾ ಅವರಿಗೆ ನಲವತ್ತೇಳು ವರ್ಷ. ಹದಿಮೂರು ವರ್ಷಗಳಲ್ಲಿ ಇಪ್ಪತ್ತೊಂಬತ್ತು ಹೊಡೆದಾಟದ ಚಿತ್ರ ಮುಗಿಸಿದ್ದರು. ಎಲ್ಲದರ ಕಥೆ ಅವರದೇ; ಮಾರನೆಯ ದಿನದ ದೃಶ್ಯವನ್ನು ಹಿಂದಿನ ದಿನ ಸಿಗರೇಟು ಪೊಟ್ಟಣದ ಹಿಂಬದಿಯಲ್ಲಿ ಬರೆಯುತ್ತಿದ್ದರು. ಮಾತು, ಸದ್ದು ಎಲ್ಲ ಆಮೇಲೆ ಸೇರಿಸುವುದು. ಗುಂಡಿನ ಗದ್ದಲದಲ್ಲಿ ಕೂಗು ಯಾರಿಗೂ ಕೇಳುತ್ತಿರಲಿಲ್ಲ. ಹಾಗಾಗಿ ಮದ್ದು ಸಿಡಿಸುವವನಿಗೆ ಒಂದೇ ಸನ್ನೆ: ಡೈರೆಕ್ಟರು ಹ್ಯಾಟು ತೆಗೆದರೆ ಸಿಡಿಸಬೇಕು.

ಆ ದಿನ ಕಲ್ಲುಗಣಿಯಲ್ಲಿ ಜೀಪೊಂದನ್ನು ಸಿಡಿಸುವುದಿತ್ತು. ಎರಡನೆಯ ಕ್ಯಾಮೆರಾ ಸರಿಪಡಿಸಲು ಅಂದಾಯಾ ಕೆಳಗಿಳಿದರು. ಬಂಡೆಯ ಮೇಲೆ ನಿಂತಿದ್ದ ಸಹಾಯಕ ಸಾಂತಿಂಗನಿಗೆ, "ಬಿಸಿಲಿಗೆ ಬೀಳ್ತೀಯ, ಹಾಕ್ಕೋ" ಎಂದು ಹ್ಯಾಟು ಕೊಟ್ಟು ಹೋದರು.

ಸಾಂತಿಂಗನ ಹಣೆಯ ಬೆವರು ಕಣ್ಣಿಗೆ ಇಳಿಯಿತು. ಒರೆಸಿಕೊಳ್ಳಲು ಅವನು ಹ್ಯಾಟು ತೆಗೆದ. ಟೆರೊಯ್ ಇನ್ನೂ ಜೀಪಿನಲ್ಲೇ ಇದ್ದ.

ಪೊಲೀಸರು ಬಂದಾಗ ಸಾಂತಿಂಗ್ ಬಾಯಿ ತೆರೆಯುವ ಮೊದಲೇ ಅಂದಾಯಾ ಹೇಳಿದರು: "ಹ್ಯಾಟು ನನ್ನದು. ತೆಗೆದೋನೂ ನಾನೇ."

ಆಮೇಲೆ ಅವರಿಗೆ ಸಿಕ್ಕಿದ್ದು ಎರಡೇ ಚಿತ್ರ. ಸಾಂತಿಂಗ್ ಹನ್ನೊಂದು ಚಿತ್ರ ನಿರ್ದೇಶಿಸಿದ. ಒಮ್ಮೆ ಅಂದಾಯಾ ಕಥೆ ಹಿಡಿದು ಅವನ ಕಚೇರಿಗೆ ಬಂದು ಎರಡು ಗಂಟೆ ಕುಳಿತಿದ್ದರು. ಅವನು ಹಿಂಬಾಗಿಲಿನಿಂದ ಹೊರಟುಹೋದ.

*

ಮೆರವಣಿಗೆ ನಿಧಾನವಾಗಿ ಸಾಗಿತ್ತು. ಮೂರು ಗಾಲಿಯ ಬಾಡಿಗೆ ಗಾಡಿಯಲ್ಲಿ ಕುಳಿತಿದ್ದ ಟೆರೊಯ್, ಸಾಂತಿಂಗನ ಪಕ್ಕದಲ್ಲೇ ಬರುತ್ತಿದ್ದ.

"ನಿಂಗೊಂದು ಮಾತು ಹೇಳ್ಲಾ? ಅವತ್ತು ಜೀಪಿಂದ ನೋಡಿದಾಗ ಹ್ಯಾಟು ತೆಗೆದಿದ್ದು ಎಡಗೈ ಅನ್ಸಿತ್ತು. ಅವರು ಬಲಗೈಯೋರು. ಬಿಸಿಲು ಕಣ್ಣಿಗೆ ಹೊಡೀತಿತ್ತು, ಏನು ಕಂಡೆನೋ ಏನೋ."

ಸಾಂತಿಂಗ್ ಹ್ಯಾಟಿನ ಅಂಚನ್ನು ಕಣ್ಣಿನವರೆಗೆ ಎಳೆದುಕೊಂಡ.

"ಬಿಸಿಲು ಜೋರಿತ್ತು," ಎಂದ.

"ಹೂಂ. ಎಷ್ಟು ಬೈದಿದ್ದೀನಿ ಅವರನ್ನ! ಎದುರಿಗೇ ಬೈದಿದ್ದೀನಿ. ಬಾಯಿ ಮುಚ್ಕೊಂಡು ಕೇಳೋರು. ಹೋದ ಕ್ರಿಸ್‌ಮಸ್‌ಗೂ ಬೈದೆ."

ಸ್ಮಶಾನದಲ್ಲಿ ಟೆರೊಯ್‌ಗೆ ಗುಂಡಿಯ ಆಚೆ ಬದಿಗೆ ಪ್ಲಾಸ್ಟಿಕ್ ಕುರ್ಚಿ ಹಾಕಿದರು. ಅವನು ಊರುಗೋಲನ್ನು ತೊಡೆಯ ಮೇಲಿಟ್ಟುಕೊಂಡ. ಪಾದ್ರಿ ಪುಸ್ತಕ ತೆರೆದರು. ಗಂಡಸರ ತಲೆಗಳೆಲ್ಲ ಬರಿದಾದವು, ಒಂದನ್ನು ಬಿಟ್ಟು.

"ಪ್ರಾರ್ಥನೆ ಕಣೋ, ತೆಗಿ," ಎಂದು ಫೆಲಿಸಾ ಪಿಸುಗುಟ್ಟಿದಳು.

ಸಾಂತಿಂಗನ ಬಲಗೈ ಎದೆಯವರೆಗೆ ಬಂದು ಕೆಳಗಿಳಿಯಿತು. ಅವನು ಗುಂಡಿಯಾಚೆಗಿದ್ದ ಟೆರೊಯ್‌ನ ಮುಖ ನೋಡಿದ. ಅವನೂ ತನ್ನನ್ನು ನೋಡುವವರೆಗೆ ಕಾದ. ಆಮೇಲೆ ಎಡಗೈ ಎತ್ತಿ ಹ್ಯಾಟಿನ ಅಂಚು ಹಿಡಿದು ಮೇಲಕ್ಕೆತ್ತಿದ. ತಲೆಯ ಮೇಲೆ, ದೂರಕ್ಕೂ ಕಾಣುವಷ್ಟು ಎತ್ತರಕ್ಕೆ.

ಟೆರೊಯ್ ಎರಡೂ ಕೈಗಳಿಂದ ಕಿವಿ ಮುಚ್ಚಿಕೊಂಡ. ತೊಡೆಯ ಮೇಲಿದ್ದ ಊರುಗೋಲು ಉರುಳಿ ಗುಂಡಿಯ ಅಂಚಿನ ಹಸಿಮಣ್ಣಿಗೆ ಬಿತ್ತು. ಯಾರೂ ಅದನ್ನು ಎತ್ತಲಿಲ್ಲ.