ಆಮೆಗಳ ನಿದ್ದೆ

ಜಡೆಪ್ಪ ಹೊಸ್ತಿಲಲ್ಲೇ ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದುಕೊಂಡು, ಹಾಲು ಕುಡಿಯಲು ಬಂದ ಬೆಕ್ಕಿನ ಹಾಗೆ ಒಳಗೆ ಬಂದ. ಬಾಗಿಲು ಕಿರುಗುಟ್ಟಬಾರದೆಂದರೆ ಅದನ್ನು ಎರಡೂ ಕೈಯಿಂದ ತುಸು ಮೇಲಕ್ಕೆತ್ತಿ ಮುಚ್ಚಬೇಕು. ಅದಕ್ಕಾಗಿ ಚಪ್ಪಲಿಯನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡ. ಒಲೆಯ ಮುಂದೆ ಕೂತಿದ್ದ ಹೆಂಡತಿ ಪಾರಮ್ಮ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು.

"ನಗಬ್ಯಾಡ. ಮಕ್ಕೊಂಡಾವೇನು?" ಎಂದು ಅವನು ಪಿಸುಗುಟ್ಟಿದ.

"ಭಾಗ್ಯ ಈಗ ಅರಿವಿ ಹೊಚ್ಯಾಳ. ಕೆಮ್ಮೋದಿದ್ರ ಹೊರಗ ಹೋಗಿ ಕೆಮ್ಮಿ ಬಾ."

ಜಡೆಪ್ಪ ನಿಜವಾಗಿಯೂ ಹೊರಗೆ ಹೋಗಿ ಕೆಮ್ಮಿ ಬಂದ. ಕುರುಗೋಡಿನಲ್ಲಿ ಇದನ್ನು ಹೇಳಿದರೆ ಯಾರೂ ನಂಬುತ್ತಿರಲಿಲ್ಲ. ಕಲ್ಲು ಕಡಿಯುವ ಅಡ್ಡೆಯಲ್ಲಿ ಜಡೆಪ್ಪ ಎಂದರೆ ಕೈ ಮುಂದೆ, ಮಾತು ಹಿಂದೆ. ಅವನು ಓಣಿಗೆ ಕಾಲಿಟ್ಟರೆ ಮಲಗಿದ ನಾಯಿ ಎದ್ದು ಜಾಗ ಬಿಡುತ್ತಿತ್ತು. ಸಾರಿಗೆ ಉಪ್ಪು ಹೆಚ್ಚಾದ ದಿನ ಪಾರಮ್ಮನ ಬೆನ್ನು ಏನಾಗುತ್ತಿತ್ತೆಂಬುದು ಪಕ್ಕದ ಮನೆಯ ಸುಂಕಮ್ಮನಿಗೂ ಗೊತ್ತು, ಊರಿಗೂ ಗೊತ್ತು. ಗೊತ್ತಿದ್ದು ಯಾರೇನು ಮಾಡಿದರು, ಅದು ಬೇರೆ ಮಾತು.

ಮನೆಯ ಮೂಲೆಯಲ್ಲಿ, ಜೋಳದ ಚೀಲಗಳ ಹಿಂದೆ, ಒಂದು ನೀಲಿ ಪ್ಲಾಸ್ಟಿಕ್ ಟಬ್ಬಿತ್ತು. ಅದರಲ್ಲಿ ಅಂಗೈಯಗಲದ ಎರಡು ಆಮೆಗಳು. ಹೊತ್ತು ಮುಳುಗುತ್ತಿದ್ದಂತೆ ಮಗಳು ಭಾಗ್ಯ ಅದರ ಮೇಲೆ ಹಳೆಯ ಸೀರೆಯೊಂದನ್ನು ಹೊದಿಸುತ್ತಿದ್ದಳು, ಗಾಳಿಯಾಡಲು ಒಂದು ಕಡೆ ಬಿಟ್ಟು. ಅಲ್ಲಿಂದ ಮುಂದೆ ಮನೆಯಲ್ಲಿ ಟಿವಿ ಇಲ್ಲ, ಆ ಮೂಲೆಯ ಬಲ್ಬಿಲ್ಲ, ಪಾತ್ರೆ ಕುಕ್ಕುವಂತಿಲ್ಲ, ದಪದಪ ನಡೆಯುವಂತಿಲ್ಲ. ನೆಲ ಅದುರಿದರೆ ಆಮೆಗೆ ಮೈಯಿಂದಲೇ ತಿಳಿಯುತ್ತದಂತೆ. ಬೆಳಕಿದ್ದರೆ ಅವು ಮಲಗುವುದಿಲ್ಲ, ಮಲಗದಿದ್ದರೆ ಮೇವು ಮುಟ್ಟುವುದಿಲ್ಲ, ಕಣ್ಣು ಊದಿಕೊಳ್ಳುತ್ತದೆ. ಸಿರುಗುಪ್ಪದಲ್ಲಿ ಮೂರನೆಯದೊಂದು ಹಾಗೆಯೇ ಸತ್ತಿತು ಎಂದು ಭಾಗ್ಯ ಹೇಳುತ್ತಿದ್ದಳು.

ಸಿರುಗುಪ್ಪ ಅವಳ ಗಂಡನ ಊರು. ಗಂಡ ಹನುಮೇಶ್ ಅಕ್ಕಿ ಗಿರಣಿಗಳಿಗೆ ಭತ್ತ ಕೊಡಿಸುವ ದಲ್ಲಾಳಿ. ಆಮೆ ಸಾಕಿದರೆ ಲಕ್ಷ್ಮಿ ಮನೆ ಬಿಟ್ಟು ಕದಲುವುದಿಲ್ಲ ಎಂದು ಯಾರೋ ಹೇಳಿದರು, ತಂದ. ದೀಪ ಹಚ್ಚುವ ಹೊತ್ತಿಗೆ ಮನೆ ಕತ್ತಲಿರಬಾರದು ಎಂಬ ಹಿರಿಯರ ಮಾತನ್ನು ಎಳೆದೆಳೆದು ಬೆಳಗಿನ ತನಕ ಒಯ್ದ. ಆಮೆಗಳ ಗಾಜಿನ ಬೋಗುಣಿಯ ನೆತ್ತಿಯ ಮೇಲೆ ಹಗಲೂ ಇರುಳೂ ದೊಡ್ಡ ಬಲ್ಬು ಉರಿಯಬೇಕು. ಒಂದು ಸಂಜೆ ಭಾಗ್ಯ ಅದನ್ನು ಆರಿಸಿದಳು. "ಬರೋ ಲಕ್ಷ್ಮಿಗಿ ಬಾಗ್ಲಾ ಹಾಕ್ತಿಯೇನಲೇ" ಎಂದು ಅವನು ಅವಳ ಎಡಗಿವಿಯ ಮೇಲೆ ಬಾರಿಸಿದ. ಕಿವಿಯಿಂದ ರಕ್ತ ಬಂತು, ಆಮೇಲೆ ಕೀವು ಬಂತು. ಆಮೇಲೆ ಆ ಕಿವಿಯಲ್ಲಿ ಸದ್ದೇ ನಿಂತಿತು.

ಅದಕ್ಕೂ ಮೊದಲು ಒಮ್ಮೆ ಅವಳು ಅಳುತ್ತ ತವರಿಗೆ ಬಂದಾಗ, ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಎಂದು ಗಾದೆ ಹೇಳಿ ತಿರುಗಿ ಬಸ್ಸು ಹತ್ತಿಸಿದವನು ಜಡೆಪ್ಪನೇ. ಗಾದೆ ಕಟ್ಟಿದವನಿಗೇನು, ಅವನು ಉಂಡು ಮಲಗಿದ. ಈ ಸಲ ಅವಳು ಕಿವಿಗೆ ಹತ್ತಿ ತುರುಕಿಕೊಂಡು, ಟಬ್ಬನ್ನು ಎದೆಗೆ ಅವುಚಿಕೊಂಡು ಅಂಗಳದಲ್ಲಿ ನಿಂತಾಗ ಜಡೆಪ್ಪನ ಬಾಯಿಗೆ ಯಾವ ಗಾದೆಯೂ ಬರಲಿಲ್ಲ. 

ಬಂದಾಗಿನಿಂದ ಅವಳು ಗೋಡೆಗೆ ಒರಗಿ ಕೂತೇ ನಿದ್ದೆ ಮಾಡುತ್ತಿದ್ದಳು, ಹೋದ ಕಿವಿಯನ್ನು ಗೋಡೆಗೆ ಕೊಟ್ಟು, ಉಳಿದ ಕಿವಿಯನ್ನು ಬಾಗಿಲಿಗೆ ಕೊಟ್ಟು. ಅಪ್ಪನ ಜೊತೆ ಮಾತೂ ಕಡಿಮೆ. ಆಮೆ ಹತ್ತಿ ಮಲಗಲು ನೀರಿನಲ್ಲೊಂದು ಒಣ ಜಾಗ ಬೇಕು ಎಂದು ಅವಳು ಅವ್ವನ ಹತ್ತಿರ ಅಂದದ್ದು ಜಡೆಪ್ಪನಿಗೆ ಕೇಳಿಸಿತು. ಅಡ್ಡೆಯಲ್ಲಿ ಕೂತು ಒಂದು ಕಲ್ಲನ್ನು ಇಳಿಜಾರಾಗಿ ಕಡಿದ, ಅಂಚು ತರಚಬಾರದೆಂದು ಉಜ್ಜಿ ಉಜ್ಜಿ ನುಣುಪು ಮಾಡಿ ತಂದಿಟ್ಟ. ಭಾಗ್ಯ ಅದರ ಮೇಲೆ ಬೆರಳಾಡಿಸಿ, "ಚಲೋ ಆಗೈತಪ್ಪ" ಎಂದಳು. ಅಷ್ಟು ಮಾತಿಗೆ ಅವನು ಅಡ್ಡೆಯವರಿಗೆಲ್ಲ ಚಹಾ ಕುಡಿಸಿದ.

ಆ ಸಂಜೆ ಕೆಮ್ಮಿ ಒಳಗೆ ಬಂದವನು ಚೀಲಗಳ ಹಿಂದೆ ಇಣುಕಿ ನೋಡಿದ. ಭಾಗ್ಯ ಟಬ್ಬಿನ ಪಕ್ಕ ಚಾಪೆಯ ಮೇಲೆ ಕಾಲು ಚಾಚಿ, ಬಾಯಿ ತೆರೆದು, ಸಣ್ಣಗೆ ಗೊರಕೆ ಹೊಡೆಯುತ್ತ ಮಲಗಿದ್ದಳು. ಜಡೆಪ್ಪ ತುದಿಗಾಲಲ್ಲಿ ಹೊರಬಿದ್ದು ಸುಂಕಮ್ಮನ ಮನೆಗೆ ಹೋಗಿ ಟಿವಿ ಸಣ್ಣ ಮಾಡಿಸಿದ.

"ಆಮಿಗಿ ಜೋಗುಳ ಹಾಡೂದೊಂದು ಬಾಕಿ ಐತಿ ನಿನಗ," ಎಂದಳು ಸುಂಕಮ್ಮ.

ಅನ್ನಲಿ. ಮಗಳು ಹೆದರಿಕೆ ಬಿಟ್ಟು ತನ್ನ ಮನೆಯಲ್ಲಿ ಮಲಗಬೇಕು, ಇನ್ನು ಇಲ್ಲೇ ಇರಬೇಕು. ಜಡೆಪ್ಪನಿಗೆ ಬೇರೇನೂ ಬೇಕಿರಲಿಲ್ಲ.

ಮಾರನೆಯ ದಿನ ಭಾನುವಾರ. ಬಿಸಿಲು ಇನ್ನೂ ಅಂಗಳಕ್ಕೆ ಇಳಿದಿರಲಿಲ್ಲ, ಟಬ್ಬಿನ ಮೇಲಿನ ಸೀರೆ ತೆಗೆದಿರಲಿಲ್ಲ. ಮನೆಯ ಮುಂದೆ ಬೈಕು ಬಂದು ನಿಂತಿತು. ನಿಂತ ಮೇಲೂ ಹಾರ್ನು ನಿಲ್ಲಲಿಲ್ಲ. ಜಡೆಪ್ಪ ಹಲ್ಲುಜ್ಜುತ್ತಿದ್ದವನು ಹಾಗೆಯೇ ಹೊರಗೆ ಬಂದ.

"ಮಾವಾರ, ನನ್ನ ಸಾಮಾನು ನನಗ ಕೊಟ್ಟುಬಿಡ್ರಿ," ಎಂದ ಹನುಮೇಶ್, ಬೈಕಿನಿಂದ ಇಳಿಯದೆ.

"ಯಾವ ಸಾಮಾನು?"

"ಆಮಿ. ಅವು ಮನಿ ಬಿಟ್ಟಾಗಿಂದ ನನ್ನ ವ್ಯಾಪಾರ ನೆಲ ಹಿಡದೈತಿ. ನಿಮ್ಮ ಮಗಳು ಬಂದ್ರ ಬರ್ಲಿ, ಇಲ್ಲಂದ್ರ ಇಲ್ಲೇ ಬಿದ್ದಿರ್ಲಿ. ಒಂದು ಕಿವಿ ಇಲ್ಲದಾಕೀನ ಕಟ್ಕೊಂಡು ನಾ ಏನ್ ಮಾಡ್ಲಿ?"

ಜಡೆಪ್ಪನ ಕೈ ತಾನೇ ಮುಷ್ಟಿಯಾಯಿತು. ಆದರೂ ತಡೆದುಕೊಂಡ. ದೇವರಾಣೆ, ತಡೆದುಕೊಂಡ. "ಮೆಲ್ಲಗ ಮಾತಾಡು. ಒಳಗ ಮಕ್ಕೊಂಡಾವ."

ಹನುಮೇಶ್ ನಕ್ಕ. ನಗುತ್ತಲೇ ಬೈಕಿನಿಂದಿಳಿದು, ಬೂಟುಗಾಲಲ್ಲಿ ಹೊಸ್ತಿಲು ದಾಟಿ, ಮಾವನನ್ನು ಪಕ್ಕಕ್ಕೆ ತಳ್ಳಿ ಒಳಗೆ ನುಗ್ಗಿದ. ಟಬ್ಬಿಗೆ ಅಡ್ಡ ನಿಂತ ಭಾಗ್ಯಳ ಜಡೆ ಹಿಡಿದು ಗೋಡೆಗೆ ಎಸೆದ. ಸೀರೆ ಕಿತ್ತು ಬಿಸಾಡಿ, ನೀರಿಗೆ ಕೈ ಹಾಕಿ ಒಂದು ಆಮೆಯನ್ನು ಎತ್ತಿದ. ಅದು ನಾಲ್ಕೂ ಕಾಲು ಬಡಿದುಕೊಂಡು ಅವನ ಕೈಯಿಂದ ಜಾರಿ ನೆಲಕ್ಕೆ ಬಿದ್ದು ಟಕ್ಕೆಂದಿತು.

ಜಡೆಪ್ಪ ಟಬ್ಬಿನಲ್ಲಿದ್ದ ಕಲ್ಲನ್ನು ತೆಗೆದುಕೊಂಡ. ಮೊದಲ ಏಟು ಹೆಗಲಿಗೆ ಬಿತ್ತು, ಎರಡನೆಯದು ಬಾಯಿಗೆ. ಹಲ್ಲು ಮುರಿದ ಸದ್ದು ಕೇಳಿಸಿತು, ಕೇಳಿ ಜಡೆಪ್ಪನಿಗೆ ಹಿತವೆನಿಸಿತು. ಹನುಮೇಶ್ ಮುಖ ಮುಚ್ಚಿಕೊಂಡು ಮಂಡಿಯೂರಿದ. ಜಡೆಪ್ಪ ಕಲ್ಲು ಬಿಸಾಡಿ ಅವನ ಪಕ್ಕೆಗೆ ಒದ್ದ, ಮತ್ತೆ ಒದ್ದ, ಕೂದಲು ಹಿಡಿದು ಎಳೆದು ಅವನ ತಲೆಯನ್ನು ಟಬ್ಬಿನ ನೀರಿನೊಳಗೆ ಅದುಮಿದ.

"ಅಲ್ಲೇ ಅದಾಳ ನೋಡಲೇ ನಿನ್ನ ಲಕ್ಷ್ಮಿ. ಹುಡುಕು. ಚಂದಾಗಿ ಹುಡುಕು."

ನೀರು ಬುಗ್ಗೆಯೆದ್ದು ಕೆಂಪಾಯಿತು. ಹನುಮೇಶನ ಕೈ ಗಾಳಿಯಲ್ಲಿ ಏನನ್ನೋ ತಡಕಾಡುತ್ತಿತ್ತು, ಕಾಲು ನೆಲಕ್ಕೆ ಬಡಿದುಕೊಳ್ಳುತ್ತಿತ್ತು.

"ಅಪ್ಪಾ, ಬಿಡು. ಸಾಯ್ತಾನವ. ಸಾಕು, ಬಿಡಪ್ಪ," ಎಂದು ಭಾಗ್ಯ ಚೀರಿದಳು.

ಅವನು ಬಿಡಲಿಲ್ಲ. ಪಾರಮ್ಮ ಓಡಿ ಬಂದು ಹಿಂದಿನಿಂದ ಅವನ ತೋಳು ಹಿಡಿದು ಜಗ್ಗಿದಳು. ಆ ತೋಳು ಕೊಡವಿಕೊಂಡು ಹಿಂದಕ್ಕೆ ಬೀಸಿತು. ಪಾರಮ್ಮ ಜೋಳದ ಚೀಲದ ಮೇಲೆ ಹೋಗಿ ಬಿದ್ದಳು, ತುಟಿ ಒಡೆದು ಗಲ್ಲಕ್ಕೆ ರಕ್ತ ಇಳಿಯಿತು. ಜಡೆಪ್ಪ ತಿರುಗಿಯೂ ನೋಡಿರಲಿಲ್ಲ. ಆ ಕೈಗೆ ಕಣ್ಣು ಬೇಕಿರಲಿಲ್ಲ. ಪಾರಮ್ಮನ ಮುಖ ಎಲ್ಲಿರುತ್ತದೆಂದು ಅದಕ್ಕೆ ಮದುವೆಯಾದ ವರ್ಷದಿಂದ ಗೊತ್ತಿತ್ತು.

ಕೈ ಬೀಸಿದಾಗ ಹಿಡಿತ ಸಡಿಲವಾಯಿತು. ಹನುಮೇಶ್ ತಲೆಯೆತ್ತಿ, ಉಸಿರು ಸಿಕ್ಕದೆ ಕೆಮ್ಮುತ್ತ, ಅಂಬೆಗಾಲಲ್ಲಿ ಅಂಗಳಕ್ಕೆ ಬಿದ್ದ. ಬೈಕು ಹತ್ತುವಾಗ ಎರಡು ಸಲ ಜಾರಿದ. ಓಣಿಯವರೆಲ್ಲ ಬಾಗಿಲಲ್ಲಿ ನಿಂತಿದ್ದರು. ಬೈಕಿನ ಸದ್ದು ಸಿರುಗುಪ್ಪದ ರಸ್ತೆಯ ಕಡೆ ದೂರವಾಯಿತು.

ಜಡೆಪ್ಪ ಏದುಸಿರು ಬಿಡುತ್ತ ನಿಂತ. ಎದೆ ಹಗುರಾಗಿತ್ತು. ಕಿವಿಯ ಋಣ ತೀರಿಸಿದ್ದ. ಮಗಳ ಕಡೆ ತಿರುಗಿದ.

"ಇನ್ನ ಈ ಕಡಿ ತಲಿ ಹಾಕಲ್ಲ ಅವ. ನೀ ಹೆದರಬ್ಯಾಡ ಮಗಳ," ಎನ್ನುತ್ತ ಅವಳ ತಲೆ ಸವರಲು ಕೈ ಮುಂದೆ ಮಾಡಿದ.

ಭಾಗ್ಯ ಎರಡೂ ಅಂಗೈಯಿಂದ ಕಿವಿ ಮುಚ್ಚಿಕೊಂಡು ಗೋಡೆಯ ಮೂಲೆಗೆ ಕುಗ್ಗಿ ಕುಳಿತಳು. ಜಡೆಪ್ಪನ ಕೈ ನಡುವೆಯೇ ನಿಂತಿತು.

"ನಾ ಹೊಡಿತೀನೇನಲೇ ನಿನಗ? ಅಪ್ಪ ಅದೀನಿ ನಾನು."

"ಅವ್ವಗ?"

ಆಗಲೇ ಅವನು ಪಾರಮ್ಮನ ಕಡೆ ನೋಡಿದ್ದು. ಅವಳು ಚೀಲ ಹಿಡಿದು ಎದ್ದು ನಿಂತು ಸೆರಗಿನಿಂದ ತುಟಿ ಒತ್ತಿಕೊಳ್ಳುತ್ತಿದ್ದಳು. "ಅದು... ಸಿಟ್ಟಿನ್ಯಾಗ ಗೊತ್ತಾಗ್ಲಿಲ್ಲ," ಎಂದ.

"ನಿನಗ ಯಾವತ್ತೂ ಗೊತ್ತಾಗಿಲ್ಲಪ್ಪ. ಸಣ್ಣಾಕಿದ್ದಾಗಿಂದ ನೋಡ್ಕೊಂತ ಬಂದೀನಿ. ಅವನ ಕೈ ಎದ್ದಾಗೆಲ್ಲ ನನಗ ನಿನ್ನ ಕೈ ಕಾಣ್ತಿತ್ತು."

 ಪಾರಮ್ಮ ಬಗ್ಗಿ ಒಲೆಯ ಬುಡದಲ್ಲಿ ತಡಕಿ, ಬಿದ್ದಿದ್ದ ಆಮೆಯನ್ನು ಎತ್ತಿ ಮಗಳ ಕೈಗೆ ಕೊಟ್ಟಳು. ಚಿಪ್ಪು ಒಡೆದಿರಲಿಲ್ಲ. ಭಾಗ್ಯ ರಕ್ತದ ನೀರನ್ನು ಬಚ್ಚಲಿಗೆ ಚೆಲ್ಲಿ, ಟಬ್ಬನ್ನು ಮೂರು ನಾಲ್ಕು ಸಲ ತೊಳೆದು ಹೊಸ ನೀರು ತುಂಬಿಸಿದಳು, ಎರಡನ್ನೂ ಮೆಲ್ಲಗೆ ಇಳಿಬಿಟ್ಟಳು. ಆಮೇಲೆ ತನ್ನ ಬಟ್ಟೆಗಳನ್ನು ಚೀಲಕ್ಕೆ ತುಂಬತೊಡಗಿದಳು.

"ಎಲ್ಲಿಗಿ?" ಎಂದ ಜಡೆಪ್ಪ.

"ಬಳ್ಳಾರಿಗಿ. ಕಂಟೋನ್ಮೆಂಟಿನ್ಯಾಗ ರಾಧಾ ಹೊಲಿಗಿ ಅಂಗಡಿ ಇಟ್ಟಾಳಲ್ಲ, ನನ್ನ ಜೋಡಿ ಸಾಲಿ ಕಲಿತಾಕಿ. ಹಿಂದೊಂದು ಕೋಣಿ ಐತಿ, ಬಂದಿರು ಅಂತ ಮೊದಲೇ ಅಂದಿದ್ಲು."

"ಅವನ್ನ ಓಡಿಸಿದ್ನಲ್ಲ ನಾನು. ಇನ್ಯಾಕ ಹೋಗಬೇಕು? ಇಲ್ಲೇ ಇರು. ಬೇಕಂದ್ರ ಆ ಮೂಲಿಗಿ ಗ್ವಾಡಿ ಕಟ್ಟಿಸ್ತೀನಿ, ಬಾಗ್ಲಾ ಇಡಸ್ತೀನಿ."

ಭಾಗ್ಯ ಚೀಲದ ಬಾಯಿ ಕಟ್ಟಿ ಹೆಗಲಿಗೆ ಹಾಕಿಕೊಂಡಳು. "ಇವು ಇಲ್ಲಿ ಮಕ್ಕೊಳ್ಳಲ್ಲಪ್ಪ," ಎಂದಳು. ದನಿಯಲ್ಲಿ ಸಿಟ್ಟಿರಲಿಲ್ಲ, ಅದೇ ಅವನನ್ನು ಕೊಂದಿತು.

ಅವಳು ಟಬ್ಬನ್ನು ಎತ್ತಲು ಬಗ್ಗಿದಾಗ ಪಾರಮ್ಮ ಬಂದು ಇನ್ನೊಂದು ಕಡೆಯ ಹಿಡಿಕೆ ಹಿಡಿದಳು. ಅಷ್ಟರೊಳಗೆ ಅವಳು ಮುಖ ತೊಳೆದು, ಬೇರೆ ಸೀರೆ ಉಟ್ಟಿದ್ದಳು. ಯಾವಾಗ ಉಟ್ಟಳೋ ಜಡೆಪ್ಪ ಗಮನಿಸಿರಲಿಲ್ಲ.

"ನೀ ಎಲ್ಲಿಗಿ?"

"ನೀರು ಭಾಳ ಐತಿ. ಒಬ್ಬಾಕಿ ಕೈಲೆ ಎತ್ತಾಕ ಆಗಲ್ಲ."

"ಬಸ್‌ಸ್ಟ್ಯಾಂಡ್ ಮಟ ಬಿಟ್ಟು ಬರ್ತಿಯಲ್ಲ?"

ಪಾರಮ್ಮ ಊದಿದ ತುಟಿಯನ್ನು ನಾಲಿಗೆಯಿಂದ ಮುಟ್ಟಿ ನೋಡಿಕೊಂಡಳು. "ಒಂದು, ಎರಡು, ಎತ್ತು," ಎಂದು ಮಗಳಿಗೆ ಹೇಳಿದಳು. ಇಬ್ಬರೂ ಅಡ್ಡಡ್ಡ ಹೆಜ್ಜೆ ಹಾಕುತ್ತ ಹೊಸ್ತಿಲು ದಾಟಿದರು. ಜಡೆಪ್ಪ ಅಡ್ಡ ನಿಲ್ಲಬಹುದಿತ್ತು. ನಿಲ್ಲಬೇಕೆಂದರೆ ಕೈ ಚಾಚಬೇಕು, ಕೈ ಚಾಚಲು ಅವನಿಗೆ ಭಯವಾಯಿತು. ಹೊಸ್ತಿಲ ಮೇಲೆ ಕುಕ್ಕರಿಸಿದ.

ಓಣಿಯ ನಡುವೆ ಅವರು ಟಬ್ಬು ಇಳಿಸಿ ಕೈ ಬದಲಿಸಿದರು. ಸುಂಕಮ್ಮ ಏನೋ ಕೇಳಿದಳು. ಪಾರಮ್ಮ ನಿಂತು, ಅವಳ ಮುಖ ನೋಡಿಕೊಂಡು ಏನೋ ಹೇಳಿದಳು. ಸುಂಕಮ್ಮ ಒಳಗೆ ಹೋಗಿ ಇಬ್ಬರಿಗಾಗುವಷ್ಟು ಬುತ್ತಿ ಗಂಟು ಕಟ್ಟಿ ತಂದು ಭಾಗ್ಯಳ ಚೀಲದ ಮೇಲಿಟ್ಟಳು. ಅಷ್ಟರಲ್ಲಿ ಆಟೋ ಬಂತು. ಪಾರಮ್ಮ ಮೊದಲು ಹತ್ತಿ ಕೂತು ಟಬ್ಬನ್ನು ತೊಡೆಯ ಮೇಲೆ ತೆಗೆದುಕೊಂಡಳು, ಮುಂದಕ್ಕೆ ಬಾಗಿ ಆಟೋದವನ ಬೆನ್ನು ತಟ್ಟಿ ಬೆರಳೆತ್ತಿ ಮೆಲ್ಲಗೆ ಹೋಗೆಂದು ತಾಕೀತು ಮಾಡಿದಳು. ಅವನು ತಲೆಯಾಡಿಸಿದ.

ಆಟೋ ಹೊರಟಿತು, ತಗ್ಗು ಬಂದಲ್ಲೆಲ್ಲ ಬಳಸಿಕೊಂಡು, ಕೋಳಿಗಳೂ ಅವಸರವಿಲ್ಲದೆ ಪಕ್ಕಕ್ಕೆ ಸರಿಯುವಷ್ಟು ನಿಧಾನವಾಗಿ. ಎದ್ದು ನಡೆದಿದ್ದರೂ ಜಡೆಪ್ಪ ಅದನ್ನು ಹಿಡಿಯಬಹುದಿತ್ತು. ಅದು ಓಣಿಯ ತಿರುವಿನ ತನಕ ಹೋಗಲು ಬಹಳ ಹೊತ್ತು ಹಿಡಿಯಿತು.