ಹದಿನಾರನೇ ಪುಟದ ಅಂಚು

ಫ್ಯಾನಿನ ರೆಕ್ಕೆಯೊಂದು ಬಾಗಿದೆ, ಸುತ್ತು ಬಂದಾಗಲೆಲ್ಲ ಟಕ್ ಅನ್ನುತ್ತೆ, ಕೋರ್ಟಿನ ಪಡಸಾಲೆಯಲ್ಲಿ ಇಷ್ಟು ಜನ ಕೂತಿದ್ದಾರೆ, ಯಾರಿಗೂ ಕೇಳಿಸುತ್ತಿಲ್ಲವೇನೋ, ಗುಮಾಸ್ತನಿಗೆ ಮಾತ್ರ ಟಕ್, ಟಕ್, ತೊಡೆಯ ಮೇಲೆ ಕಡತ, ಕಡತದೊಳಗೆ ಹದಿನಾರನೇ ಪುಟ — ಬೇಡ ಬೇಡ ಅಂದಷ್ಟೂ ಬೆರಳು ಅಲ್ಲಿಗೇ ಹೋಗುತ್ತೆ, ಅಂಚಿನಲ್ಲಿ ಉಜ್ಜಿ ಉಜ್ಜಿ ಕಾಗದ ತೆಳುವಾದ ಜಾಗಕ್ಕೆ. ಸರಿದು ಕೂರಲು ಜಾಗ ಕೊಟ್ಟವಳು ಈ ಕಡತದ ಆಯಾನೇ, ಕೈಯಲ್ಲಿನ ಕೇಸಿನ ಕಾಗದದ ಮೇಲೆ ಹೆಸರಿದೆ, ಹೆರಿಗೆ ವಾರ್ಡಿನವಳು, ಒಂಬತ್ತು ವರ್ಷದ ಹಿಂದೆ ಕೆಲಸದಿಂದ ತೆಗೆದದ್ದು ತಪ್ಪು, ಮೂವತ್ತು ದಿನದಲ್ಲಿ ವಾಪಸು ಸೇರಿಸಿಕೊಳ್ಳಿ ಅಂತ ಇದೇ ಕೋರ್ಟು ಹೇಳಿ ಏಳು ತಿಂಗಳಾಯಿತು, ಅವಳ ಹೆಸರನ್ನು ನೂರು ಸಲ ಬರೆದಿದ್ದಾನೆ ಮಹಾರಾಯ, ಮುಖ ನೋಡಿದ್ದು ಇವತ್ತೇ. ನಿಮ್ಮ ಕೇಸೂ ಇವತ್ತೇನಾ ತಮ್ಮಾ, ಅಂದಳು, ಹ್ಞೂಂ ಅಂದ, ಇನ್ನೇನು ಅನ್ನಲಿ, ನಿಮ್ಮ ಎದುರು ಕಡೆಯವನು ಅನ್ನಲೇ. ನಾಡಿದ್ದು ನಂಗೆ ನಿವೃತ್ತಿ, ಅಂದಳು ಅವಳೇ, ಕಳ್ಳಿ ಅಂತ ಹೊರಗೆ ಹಾಕಿದ್ರು, ಅದೇ ಬಾಗಿಲಲ್ಲಿ ಒಂದು ದಿನ ಒಳಗೆ ಹೋಗಿ ಹಾಜರಿಗೆ ಸಹಿ ಹಾಕಿ ಬಂದ್ರೆ ಸಾಕು.

ತಮ್ಮಾ — ಹಾಗೆ ಕರೆಯುತ್ತಿದ್ದವಳು ಅಕ್ಕ ಒಬ್ಬಳೇ, ಸಂಜೆ ಬಾಗಿಲು ತೆಗೆಯುತ್ತಲೇ ಇವತ್ತೇನೋ ಮಾಡಿದೆ ಆಫೀಸಲ್ಲಿ, ಸುಳ್ಳು ಹೇಳಿದರೆ ಕಿವಿ ಕೆಂಪಾಗುತ್ತೆ ನಿಂಗೆ, ಅನ್ನೋಳು, ಅಕ್ಕ ತೀರಿಹೋಗಿ ವರ್ಷವಾಯಿತು, ಈಗ ತಾನೇ ಬೀಗ ತೆಗೆದು ತಾನೇ ಒಳಗೆ ಹೋಗುತ್ತಾನೆ, ಕೇಳುವವರಿಲ್ಲ, ಕೇಳುವವರಿಲ್ಲ ಅಂತಲೇ ಉಜ್ಜಿದ್ದಿರಬೇಕು. ಆಸ್ಪತ್ರೆ ಆಫೀಸಿನ ಸಾಹೇಬರದು ಒಂದು ಅಭ್ಯಾಸ, ಕಡತದ ಮೇಲೆ ಹಸಿರು ಶಾಯಿಯಲ್ಲಿ 'ಪರಿಶೀಲಿಸಿ', ಮನಸ್ಸಿನ ಮಾತು ಪೆನ್ಸಿಲಿನಲ್ಲಿ, ಪಾಲಿಸಬೇಕಾದ್ದು ಪೆನ್ಸಿಲನ್ನು ಅಂತ ಇಡೀ ಆಫೀಸಿಗೆ ಗೊತ್ತು. ಹದಿನಾರನೇ ಪುಟದಲ್ಲಿ ಮೂರೇ ಮಾತು, ನಿವೃತ್ತಿ ದಿನ ದಾಟಲಿ. ಒಬ್ಬಳನ್ನ ಸೇರಿಸಿಕೊಂಡ್ರೆ ಇನ್ನೂ ನಲವತ್ತು ಜನ ಬಾಗಿಲಿಗೆ ಬರ್ತಾರೆ ಕಣ್ರೀ, ಅಂದಿದ್ದರು ಸಾಹೇಬರು. ಆಮೇಲೆ ನ್ಯಾಯಾಂಗ ನಿಂದನೆಯ ನೋಟಿಸು ಬಂತು, ಅಳಿಸಿಬಿಡಿ ಅಂದರು, ಅಳಿಸಿದ, ರಬ್ಬರಿನ ಪುಡಿ ಊದಿದ, ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದರೆ — ಸೀಸ ಹೋಗಿದೆ, ಅಕ್ಷರ ಒತ್ತಿದ ಗೀರು ಹಾಗೇ ಇದೆ, ಸಾಹೇಬರದು ಭಾರದ ಕೈ. ಪ್ರಮಾಣಪತ್ರದಲ್ಲಿ ಈಗ ಗುಮಾಸ್ತರ ಮರೆವಿನಿಂದ ವಿಳಂಬ, ನಾಲ್ಕು ವಾರ ಸಮಯ ಕೊಡಿ. ನಿಮಗೊಂದು ಎಚ್ಚರಿಕೆ ಕೊಡ್ತಾರೆ ಅಷ್ಟೇ, ನಾನಿಲ್ವೇನ್ರೀ, ಅಂದಿದ್ದಾರೆ ಸಾಹೇಬರು. ನಾಲ್ಕು ವಾರವಂತೆ, ಅವಳ ಹತ್ತಿರ ಇರೋದು ಎರಡು ದಿನ.

ಕೇಸು ಕೂಗಿದರು, ಅವಳೂ ಎದ್ದಳು, ಇವನೂ ಎದ್ದ, ಒಂದೇ ಬಾಗಿಲು, ಒಳಗೆ ಹೋದಮೇಲೆ ಇವನು ಸಾಹೇಬರ ಬೆನ್ನ ಹಿಂದೆ ನಿಂತದ್ದನ್ನು ಅವಳು ನೋಡಿದಳು, ಬೈಯಲಿಲ್ಲ, ತಮ್ಮಾ ಅಂದ ಬಾಯನ್ನು ಸೆರಗಿನಿಂದ ಮುಚ್ಚಿಕೊಂಡಳು, ಬೈದಿದ್ದರೂ ಸಹಿಸಬಹುದಿತ್ತು. ಸರ್ಕಾರಿ ವಕೀಲರು ಮರೆವು ಅನ್ನುತ್ತಿದ್ದಾರೆ, ನಾಲ್ಕು ವಾರ ಅನ್ನುತ್ತಿದ್ದಾರೆ, ನ್ಯಾಯಾಧೀಶರು ಕಡತ ತರಿಸಿಕೊಂಡು ಹಾಳೆ ತಿರುಗಿಸುತ್ತಿದ್ದಾರೆ, ಹದಿಮೂರು, ಹದಿನಾಲ್ಕು, ಮರೆತವರು ಯಾರು, ನೀವೇನಾ, ಅಂತ ತಲೆಯೆತ್ತಿ ಕೇಳಿದರು, ಸಾಹೇಬರ ಭುಜ ಒಂದಿಷ್ಟು ಪಕ್ಕಕ್ಕೆ ಸರಿದು ದಾರಿ ಬಿಟ್ಟಿತು, ಇಷ್ಟು ಜನರ ನಡುವೆ ಅವನೊಬ್ಬನೇ, ಕಿವಿ ಸುಡುತ್ತಿದೆ ಅಕ್ಕಾ, ಇವತ್ತೇನೋ ಮಾಡಿದೆ, ಇವತ್ತೇನೋ ಮಾಡಿದೆ — ಮರೆತಿಲ್ಲ ಸ್ವಾಮಿ, ಅಳಿಸಿದ್ದು ನಾನು, ಅಂತ ಯಾರೋ ಅಂದರು, ಅವನದೇ ಗಂಟಲು, ಹದಿನಾರನೇ ಪುಟ, ಸ್ವಲ್ಪ ಓರೆ ಮಾಡಿ, ಬೆಳಕಿಗೆ ಹಿಡೀರಿ. ಸಾಹೇಬರು ತಿರುಗಿ ನೋಡಿದರೇನೋ, ಅವನು ಅತ್ತ ನೋಡಲಿಲ್ಲ, ಆಯಾಳ ಕಡೆಗೂ ನೋಡಲಿಲ್ಲ, ಮೇಲೆ ನ್ಯಾಯಾಧೀಶರ ಕೈಯಲ್ಲಿ ಕಿಟಕಿಯ ಕಡೆಗೆ ನಿಧಾನಕ್ಕೆ ವಾಲುತ್ತಿದೆ ಹಾಳೆ, ತೆಳುವಾದ ಅಂಚು, ಸೀಸವಿಲ್ಲದ ಗೀರು, ನಿವೃತ್ತಿ ದಿನ